ಮಡಿಯೋ ಮೀಸಲೋ: ಯಹೂದಿಯರ ‘ಕಾದೋಶ್’ ಕುರಿತು ಓದುಗರ ಪ್ರಶ್ನೆಗಳು

ಯಹೂದಿಯರ ಪ್ರಾರ್ಥನೆಯಲ್ಲಿ ಮತ್ತೆ ಮತ್ತೆ ಬರುವ ‘ಪವಿತ್ರ’ ಎಂಬ ಮಾತಿನ ಅರ್ಥವನ್ನು ಕೇಳಿ ಬೆಂಗಳೂರಿನ ನಾಲ್ವರು ಓದುಗರು ಬರೆದಿದ್ದಾರೆ. ಒಂದಕ್ಕೊಂದು ಹೆಣೆದುಕೊಂಡಿರುವ ಪ್ರಶ್ನೆಗಳಾದ್ದರಿಂದ ಈ ಸಂಚಿಕೆಯ ಅಂಕಣವನ್ನು ಪೂರ್ತಿಯಾಗಿ ಅವಕ್ಕೇ ಕೊಟ್ಟಿದ್ದೇನೆ.

ಪ್ರಶ್ನೆ: ನೆರೆಮನೆಯ ಕ್ರೈಸ್ತ ಕುಟುಂಬದವರು ಕೊಟ್ಟ ಕನ್ನಡ ಬೈಬಲಿನಲ್ಲಿ ಯೆಶಾಯನ ಗ್ರಂಥದ ಆರನೆಯ ಅಧ್ಯಾಯವನ್ನು ಓದಿದೆ. ದೇವದೂತರು ಅಲ್ಲಿ ದೇವರನ್ನು ‘ಪರಿಶುದ್ಧನು, ಪರಿಶುದ್ಧನು, ಪರಿಶುದ್ಧನು’ ಎಂದು ಕೂಗುತ್ತಾರೆ. ಇದು ಮೂಲದಲ್ಲಿ ಯಹೂದಿಯರ ಗ್ರಂಥವೆಂದು ಬಲ್ಲೆ. ದೇವರು ಶುದ್ಧನೆಂದು ಯಾರಾದರೂ ಸಾರಿ ಹೇಳಬೇಕೇ? ನಮ್ಮಲ್ಲಿ ಮಡಿ ಎನ್ನುವುದನ್ನೇ ಅವರು ಹೀಗೆ ಹೇಳುತ್ತಾರೆಯೇ? (ಜಯನಗರದ ನಿವೃತ್ತ ಶಿಕ್ಷಕಿಯೊಬ್ಬರು)

ಉತ್ತರ: ಕನ್ನಡ ಬೈಬಲಿನಲ್ಲಿ ‘ಪರಿಶುದ್ಧನು’ ಎಂದಿರುವ ಕಡೆ ಹೀಬ್ರೂ ಮೂಲದಲ್ಲಿರುವ ಪದ ‘ಕಾದೋಶ್’. ಅನುವಾದಕರ ಮೇಲೆ ತಪ್ಪು ಹೊರಿಸಲಾರೆ. ದೇವರ ವಿಷಯ ಬಂದಾಗ ನಮ್ಮ ಭಾಷೆಯಲ್ಲಿ ಶುದ್ಧಿಯ ಮಾತೇ ಮೊದಲು ನಾಲಗೆಗೆ ಬರುತ್ತದೆ. ಆದರೆ ‘ಕಾದೋಶ್’ ಎಂಬ ಪದದಲ್ಲಿ ಕೊಳೆ ತೊಳೆದದ್ದು ಎಂಬ ಅರ್ಥ ಮುಖ್ಯವಲ್ಲ. ಬೇರೆಯಾಗಿ ತೆಗೆದಿಟ್ಟದ್ದು, ಉಳಿದವುಗಳ ಜೊತೆ ಬೆರೆಸಬಾರದ್ದು ಎಂಬುದು ಅದರ ತಿರುಳು. ಅದರ ವಿರುದ್ಧಪದ ‘ಹೋಲ್’, ಎಂದರೆ ಸಾಮಾನ್ಯವಾದದ್ದು, ದಿನಬಳಕೆಯದು. ಮಡಿ ಮೈಲಿಗೆಗಳಿಗೆ ಹೀಬ್ರೂ ಭಾಷೆಯಲ್ಲಿ ‘ತಾಹೋರ್’, ‘ತಾಮೇ’ ಎಂಬ ಬೇರೆಯೇ ಜೋಡಿ ಇದೆ. ಬೈಬಲಿನ ಯಾಜಕಕಾಂಡದ ಹತ್ತನೆಯ ಅಧ್ಯಾಯದಲ್ಲಿ ಪುರೋಹಿತನಾದ ಆರೋನನಿಗೂ ಅವನ ಮಕ್ಕಳಿಗೂ ಕೊಟ್ಟ ಅಪ್ಪಣೆಯಲ್ಲಿ ಈ ಎರಡು ಜೋಡಿಗಳೂ ಅಕ್ಕಪಕ್ಕದಲ್ಲೇ ನಿಂತಿವೆ: ಮೀಸಲಾದದ್ದು ಯಾವುದು ಸಾಮಾನ್ಯವಾದದ್ದು ಯಾವುದು, ಮೈಲಿಗೆ ಯಾವುದು ಮಡಿ ಯಾವುದು ಎಂಬುದನ್ನು ಅವರು ವಿಂಗಡಿಸಬೇಕು. ಎರಡೂ ಒಂದೇ ಆಗಿದ್ದರೆ ಎರಡು ಸಲ ಹೇಳುವ ಅಗತ್ಯವಿರಲಿಲ್ಲ. ವಾರದ ಆರು ದಿನಗಳೂ ‘ಹೋಲ್’ ಎನಿಸಿಕೊಳ್ಳುತ್ತವೆ. ಅವುಗಳಲ್ಲಿ ಮೈಲಿಗೆಯೇನೂ ಇಲ್ಲ, ಅವು ದುಡಿಮೆಯ ದಿನಗಳು, ಅಷ್ಟೇ.

ನಮ್ಮ ಮನೆಯಲ್ಲಿದ್ದ ಎರಡು ವಸ್ತುಗಳನ್ನು ನೆನೆದಾಗಲೆಲ್ಲ ಈ ವ್ಯತ್ಯಾಸ ನನಗೆ ನಿಚ್ಚಳವಾಗುತ್ತದೆ. ಚಾಮರಾಜಪೇಟೆಯ ವಠಾರದ ಮನೆಯಲ್ಲಿ ನಮ್ಮ ಅಜ್ಜಿ ಒಗೆದ ಸೀರೆಯನ್ನು ಕೋಲಿನಿಂದ ಎತ್ತಿ ಸೂರಿನ ಕೆಳಗಿನ ಗಳುವಿನ ಮೇಲೆ ಹರವುತ್ತಿದ್ದರು. ಶಾಲೆಯಿಂದ ಬಂದ ನಾವು ಅದರ ಸೆರಗಿನ ತುದಿಯನ್ನು ತಾಗಿದರೂ ಮಡಿ ಕೆಟ್ಟಿತು. ಇನ್ನೊಮ್ಮೆ ಒಗೆದು ಹಾಕಿದರೆ ಮತ್ತೆ ಮಡಿಯಾಯಿತು. ಅದೇ ಮನೆಯ ದೇವರ ಗೂಡಿನಲ್ಲಿ ಅರಿಸಿನದ ಬಟ್ಟೆಯಲ್ಲಿ ಕಟ್ಟಿದ ಒಂದು ಪುಟ್ಟ ಗಂಟಿತ್ತು, ತಿರುಪತಿಯ ಮುಡಿಪು. ಯಾರಿಗಾದರೂ ಕಾಯಿಲೆಯಾದಾಗ ಒಂದೊಂದು ರೂಪಾಯಿ ಅದಕ್ಕೆ ಸೇರುತ್ತಿತ್ತು. ಆ ನಾಣ್ಯಗಳು ಮಾರುಕಟ್ಟೆಯಲ್ಲಿ ನೂರು ಕೈ ದಾಟಿ ಬಂದವು, ಅವನ್ನು ಯಾರೂ ತೊಳೆದು ಇಟ್ಟಿರಲಿಲ್ಲ. ಆದರೂ ತಿಂಗಳ ಕೊನೆಯಲ್ಲಿ ಹಾಲಿನವನಿಗೆ ಕೊಡಲು ಕಾಸಿಲ್ಲದಾಗ ಅಜ್ಜಿ ಪಕ್ಕದ ಮನೆಯಿಂದ ಕೈಗಡ ತಂದರೇ ಹೊರತು ಆ ಗಂಟಿಗೆ ಕೈ ಹಾಕಲಿಲ್ಲ. ‘ಕಾದೋಶ್’ ಎಂಬ ಮಾತು ಆ ಸೀರೆಗಿಂತ ಈ ಗಂಟಿಗೆ ಹತ್ತಿರವಾದದ್ದು. ಜೆರೂಸಲೇಮಿನ ದೇವಾಲಯಕ್ಕೆ ಮುಡಿಪಾದ ಸೊತ್ತನ್ನು ಅದೇ ಧಾತುವಿನಿಂದ ‘ಹೆಕ್ದೇಶ್’ ಎಂದು ಕರೆಯುತ್ತಿದ್ದರು. ಗೊತ್ತಿಲ್ಲದೆ ಅದನ್ನು ಸ್ವಂತಕ್ಕೆ ಬಳಸಿಕೊಂಡವನು ಅಸಲನ್ನೂ ಅದರ ಮೇಲೆ ಐದನೆಯ ಒಂದು ಪಾಲನ್ನೂ ತುಂಬಿಕೊಟ್ಟು, ಪ್ರಾಯಶ್ಚಿತ್ತಕ್ಕಾಗಿ ಒಂದು ಟಗರನ್ನು ಒಪ್ಪಿಸಬೇಕಾಗಿತ್ತು. ಯಹೂದಿ ಮದುವೆಯಲ್ಲಿ ವರನು ಉಂಗುರ ತೊಡಿಸುತ್ತಾ ವಧುವಿಗೆ ಹೇಳುವ ಮಾತಿನಲ್ಲಿಯೂ ಇದೇ ಧಾತು ಇದೆ. ‘ನೀನು ನನಗೆ ಮೀಸಲಾದವಳು’ ಎಂದು ಅದನ್ನು ಕನ್ನಡಿಸಿದರೆ ಅರ್ಥ ಕೆಡುವುದಿಲ್ಲ. ಈಗ ‘ಮೀಸಲು’ ಎಂದೊಡನೆ ಸೀಟು, ನೌಕರಿಗಳು ನೆನಪಿಗೆ ಬರುತ್ತವೆ ನಿಜ. ಆದರೆ ಮೊದಲ ಫಲವನ್ನು ಮೀಸಲು ತೆಗೆದಿಡುವುದು, ಮೀಸಲು ಮುರಿಯಬಾರದು ಎನ್ನುವುದು ನಮ್ಮ ಹಳ್ಳಿಗಳಲ್ಲಿ ಇನ್ನೂ ಸತ್ತಿಲ್ಲದ ಮಾತುಗಳು, ಮತ್ತು ಅನುವಾದಕ್ಕೆ ಅವು ನಮ್ಮಲ್ಲಿ ಸಿದ್ಧವಾಗಿಯೇ ಇವೆ.

ಶುದ್ಧಿಯೂ ಪಾವಿತ್ರ್ಯವೂ ಬೇರೆ ಬೇರೆ ಎಂಬುದಕ್ಕೆ ಯಹೂದಿ ಧರ್ಮಶಾಸ್ತ್ರದಲ್ಲಿ ನನ್ನನ್ನು ಮೊದಲ ಓದಿನಲ್ಲಿ ಬೆಚ್ಚಿಬೀಳಿಸಿದ ಒಂದು ವಿಧಿಯಿದೆ. ಪವಿತ್ರ ಗ್ರಂಥದ ಸುರುಳಿಯನ್ನು ಮುಟ್ಟಿದ ಕೈಗಳು ಮೈಲಿಗೆಯಾಗುತ್ತವೆ ಎಂದು ಯಹೂದಿ ವಿಧಿಗಳ ಪ್ರಾಚೀನ ಸಂಗ್ರಹವಾದ ಮಿಶ್ನಾ ಹೇಳುತ್ತದೆ. ಯಾವ ಗ್ರಂಥ ಕೈಗಳನ್ನು ಮೈಲಿಗೆ ಮಾಡುತ್ತದೋ ಅದೇ ಪವಿತ್ರ ಗ್ರಂಥ! ಕಾರಣವನ್ನು ಮಿಶ್ನಾದ ಮೇಲಿನ ಚರ್ಚೆಗಳ ಗ್ರಂಥವಾದ ತಾಲ್ಮುಡ್ ವಿವರಿಸುತ್ತದೆ: ಪುರೋಹಿತರ ಪಾಲಿನ ಧಾನ್ಯವೂ ಪವಿತ್ರ, ತೋರಾ ಎಂಬ ಮೂಲ ಧರ್ಮಗ್ರಂಥದ ಸುರುಳಿಯೂ ಪವಿತ್ರ ಎಂದುಕೊಂಡು ಜನ ಎರಡನ್ನೂ ಒಂದೇ ಕಡೆ ಇಡುತ್ತಿದ್ದರು, ಅದರಿಂದ ಗ್ರಂಥಗಳು ಹಾಳಾಗತೊಡಗಿದವು. ಧಾನ್ಯಕ್ಕೆ ಬಂದ ಇಲಿಗಳು ಚರ್ಮದ ಸುರುಳಿಗಳನ್ನೂ ಕಡಿಯುತ್ತಿದ್ದವು ಎಂದು ಹನ್ನೊಂದನೆಯ ಶತಮಾನದ ವ್ಯಾಖ್ಯಾನಕಾರ ರಾಶಿ ಬರೆದಿದ್ದಾನೆ. ಗ್ರಂಥ ತಾಗಿದರೆ ಧಾನ್ಯ ಕೆಡುತ್ತದೆಂದು ವಿಧಿಸಿದ ಮೇಲೆ ಎರಡೂ ದೂರವಾದವು, ಗ್ರಂಥ ಉಳಿಯಿತು. ಪವಿತ್ರವಾದದ್ದನ್ನು ಕಾಯುವುದಕ್ಕೆ ಪಂಡಿತರು ಮೈಲಿಗೆಯ ನಿಯಮವನ್ನೇ ಬೇಲಿಯಾಗಿ ನೆಟ್ಟರು.

ಇನ್ನು ನೀವು ಓದಿದ ಅಧ್ಯಾಯ. ಉಜ್ಜೀಯ ರಾಜನು ಸತ್ತ ವರ್ಷದಲ್ಲಿ, ಎಂದರೆ ಕ್ರಿಸ್ತಪೂರ್ವ ಎಂಟನೆಯ ಶತಮಾನದಲ್ಲಿ, ಯೆಶಾಯನು ಕಂಡ ದರ್ಶನ ಅದು. ಆರಾರು ರೆಕ್ಕೆಗಳ ಸೆರಾಫಿಯರು ಎರಡು ರೆಕ್ಕೆಗಳಿಂದ ಮುಖವನ್ನೂ ಎರಡರಿಂದ ಕಾಲುಗಳನ್ನೂ ಮುಚ್ಚಿಕೊಂಡು, ಉಳಿದ ಎರಡರಿಂದ ಹಾರುತ್ತಾ ಒಬ್ಬರನ್ನೊಬ್ಬರು ಕರೆದು ಆ ಪದವನ್ನು ಮೂರು ಸಲ ನುಡಿಯುತ್ತಾರೆ. ದೇವರು ಸೃಷ್ಟಿಯ ಯಾವುದಕ್ಕೂ ಹೋಲುವವನಲ್ಲ, ಎಲ್ಲಕ್ಕಿಂತ ಬೇರೆ, ಬೇರೆ, ಬೇರೆ ಎಂಬುದು ಆ ಕೂಗಿನ ಅರ್ಥ. ಅಷ್ಟಕ್ಕೇ ನಿಂತಿದ್ದರೆ ಆ ದೇವರು ಕೈಗೆಟುಕದವನಾಗಿ ಉಳಿಯುತ್ತಿದ್ದ. ಆದರೆ ಅದೇ ಉಸಿರಿನಲ್ಲಿ ಅವರು ‘ಭೂಮಿಯೆಲ್ಲವೂ ಆತನ ಮಹಿಮೆಯಿಂದ ತುಂಬಿದೆ’ ಎನ್ನುತ್ತಾರೆ. ಯಾವುದರಲ್ಲೂ ಬೆರೆಯದವನು ಎಲ್ಲ ಕಡೆಯೂ ತುಂಬಿದ್ದಾನೆ. ಹೀಬ್ರೂವಿಗೆ ಹತ್ತಿರದ ಅರಮಾಯಿಕ್ ಭಾಷೆಯಲ್ಲಿರುವ ಪ್ರಾಚೀನ ಅನುವಾದವು ಮೂರು ಪದಗಳನ್ನು ಮೂರು ನೆಲೆಗಳಿಗೆ ಹಂಚಿ ಹೇಳುತ್ತದೆ: ಉನ್ನತ ಆಕಾಶಗಳಲ್ಲಿ ಪವಿತ್ರ, ತನ್ನ ಶಕ್ತಿಯ ಕೃತಿಯಾದ ಭೂಮಿಯ ಮೇಲೆ ಪವಿತ್ರ, ಯುಗಯುಗಾಂತರಕ್ಕೂ ಪವಿತ್ರ. ಈ ಅರಮಾಯಿಕ್ ಸಾಲುಗಳನ್ನು ಯಹೂದಿಯರು ಬೆಳಗಿನ ಪ್ರಾರ್ಥನೆಯ ಕೊನೆಯ ಭಾಗದಲ್ಲಿ ಇಂದಿಗೂ ಹೇಳುತ್ತಾರೆ.

ದೇವರು ಬೇರೆಯಾದರೆ ಮನುಷ್ಯನಿಗೆ ಅದರಿಂದ ಆಗಬೇಕಾದದ್ದೇನು ಎಂಬ ಪ್ರಶ್ನೆ ಉಳಿಯುತ್ತದೆ, ಮತ್ತು ಈ ಧರ್ಮದ ಬಗ್ಗೆ ನನಗೆ ಗೌರವ ಮೂಡಿದ್ದು ಅದಕ್ಕೆ ಸಿಕ್ಕ ಉತ್ತರದಿಂದ. ಯಾಜಕಕಾಂಡದ ಹತ್ತೊಂಬತ್ತನೆಯ ಅಧ್ಯಾಯ ‘ನಾನು ಕಾದೋಶ್ ಆಗಿರುವುದರಿಂದ ನೀವೂ ಹಾಗಿರಿ’ ಎಂದು ಆರಂಭವಾಗುತ್ತದೆ, ಮತ್ತು ಮೋಶೆ ಇದನ್ನು ಪುರೋಹಿತರಿಗಷ್ಟೇ ಅಲ್ಲ, ಜನಸಮೂಹಕ್ಕೆಲ್ಲ ಹೇಳಬೇಕು. ಮುಂದೆ ಬರುವುದು ಉಪವಾಸ, ಗುಹೆ, ಸಂನ್ಯಾಸಗಳ ಮಾತಲ್ಲ. ಫಸಲು ಕೊಯ್ಯುವಾಗ ಹೊಲದ ಅಂಚನ್ನು ಬಡವನಿಗೂ ಪರದೇಶಿಗೂ ಬಿಡಬೇಕು. ಉದುರಿದ ತೆನೆಯನ್ನು ಆರಿಸಿಕೊಳ್ಳಲು ಹಿಂದಿರುಗಬಾರದು. ಕೂಲಿಯವನ ಕೂಲಿಯನ್ನು ಮರುದಿನ ಬೆಳಗಿನವರೆಗೆ ಇಟ್ಟುಕೊಳ್ಳಬಾರದು. ಕಿವುಡನನ್ನು ಶಪಿಸಬಾರದು, ಕುರುಡನ ದಾರಿಯಲ್ಲಿ ಎಡವುಗಲ್ಲು ಇಡಬಾರದು. ತಕ್ಕಡಿ, ತೂಕದ ಕಲ್ಲು, ಅಳತೆಯ ಪಾತ್ರೆ ಸರಿಯಾಗಿರಬೇಕು. ನೆರೆಯವನನ್ನು ನಿನ್ನಂತೆಯೇ ಪ್ರೀತಿಸು ಎಂಬ ಪ್ರಸಿದ್ಧ ಮಾತಿರುವುದೂ ಇಲ್ಲಿಯೇ. ಎರಡು ಬಗೆಯ ನೂಲು ಬೆರೆಸಿದ ಬಟ್ಟೆ ತೊಡಬಾರದು ಎಂಬಂಥ ಆಚಾರದ ವಿಧಿಗಳೂ ಇವುಗಳ ನಡುವೆಯೇ ಇವೆ. ಗ್ರಂಥ ಅವನ್ನು ಬೇರೆ ಮಾಡಿ ತೋರಿಸುವುದಿಲ್ಲ. ಕೃಷ್ಣರಾಜ ಮಾರುಕಟ್ಟೆಯ ಮುಂಜಾವಿನಲ್ಲಿ ಹೂವು ತೂಗುವವನ ಬೆರಳು ತಕ್ಕಡಿಯ ತಟ್ಟೆಯ ಮೇಲೆ ಕೂರುತ್ತದೆಯೋ ಇಲ್ಲವೋ ಎಂಬುದು ಈ ಅಧ್ಯಾಯದ ಪ್ರಕಾರ ಪಾವಿತ್ರ್ಯದ ಪ್ರಶ್ನೆ.

ಹದಿಮೂರನೆಯ ಶತಮಾನದಲ್ಲಿ ಸ್ಪೇನಿನಲ್ಲಿದ್ದ ನಾಹ್ಮಾನಿದೀಸ್ ಎಂಬ ಪಂಡಿತನು ಈ ಮಾತನ್ನು ಇನ್ನೂ ಒಂದು ಹೆಜ್ಜೆ ಮುಂದಕ್ಕೆ ಒಯ್ದ. ನಿಷಿದ್ಧವಾದದ್ದನ್ನು ಬಿಟ್ಟರೆ ಸಾಲದು, ಏಕೆಂದರೆ ಒಬ್ಬನು ಅನುಮತಿಯಿರುವ ಆಹಾರವನ್ನೇ ಹೊಟ್ಟೆಬಾಕನಂತೆ ತಿಂದು, ಅನುಮತಿಯಿರುವ ಮದ್ಯವನ್ನೇ ಕುಡಿದು ತೂರಾಡಿ, ಒಂದು ವಿಧಿಯನ್ನೂ ಮುರಿಯದೆ ‘ತೋರಾದ ಅನುಮತಿಯೊಳಗೇ ಇರುವ ನೀಚ’ ಆಗಿಬಿಡಬಹುದು. ಆದ್ದರಿಂದಲೇ ಉಳಿದ ವಿಧಿಗಳನ್ನೆಲ್ಲ ಹೇಳಿದ ಮೇಲೂ ‘ಕಾದೋಶ್ ಆಗಿರಿ’ ಎಂಬ ಈ ಒಂದು ಮಾತು ಬೇಕಾಯಿತು ಎಂಬುದು ಅವನ ವಾದ. ಕಾನೂನು ಮುಗಿದ ಕಡೆ, ತನ್ನ ಪಾಲಿಗೆ ನ್ಯಾಯವಾಗಿ ಬಂದದ್ದರಲ್ಲಿಯೂ ಕೈ ತಡೆಹಿಡಿಯುವುದು ಅವನಿಗೆ ಪಾವಿತ್ರ್ಯ.

ಪ್ರಶ್ನೆ: ಕಚೇರಿಯ ಕೆಲಸದ ಮೇಲೆ ನ್ಯೂಯಾರ್ಕಿಗೆ ಹೋಗಿದ್ದಾಗ ಸಹೋದ್ಯೋಗಿಯೊಬ್ಬರ ಜೊತೆ ಯಹೂದಿಯರ ಪ್ರಾರ್ಥನಾಮಂದಿರವಾದ ಸಿನಗಾಗಿಗೆ ಹೋಗಿದ್ದೆ. ಪ್ರಾರ್ಥನೆಯ ನಡುವೆ ಎಲ್ಲರೂ ಪಾದಗಳನ್ನು ಜೋಡಿಸಿ ನಿಂತು ಮೂರು ಸಲ ಹಿಮ್ಮಡಿ ಎತ್ತಿದರು. ವಯಸ್ಸಾದವರೂ ಮುಂದಿನ ಬೆಂಚನ್ನು ಹಿಡಿದುಕೊಂಡು ಎತ್ತಿದರು. ಅದರ ಅರ್ಥವೇನು? (ಇಂದಿರಾನಗರದ ಸಾಫ್ಟ್‌ವೇರ್ ಉದ್ಯೋಗಿಯೊಬ್ಬರು)

ಉತ್ತರ: ನೀವು ಕಂಡದ್ದು ‘ಕೆದುಶಾ’ ಎಂಬ ಭಾಗ. ಯಹೂದಿಯರು ನಿಂತು ಹೇಳುವ ಮುಖ್ಯ ಪ್ರಾರ್ಥನೆಯನ್ನು ಮೊದಲು ಪ್ರತಿಯೊಬ್ಬರೂ ಮೆಲುದನಿಯಲ್ಲಿ ಹೇಳಿಕೊಳ್ಳುತ್ತಾರೆ, ಆಮೇಲೆ ಮುಂದೆ ನಿಂತವನು ಅದನ್ನು ಗಟ್ಟಿಯಾಗಿ ಪುನರಾವರ್ತಿಸುತ್ತಾನೆ. ಮೂರನೆಯ ಸ್ತುತಿಗೆ ಬಂದಾಗ ಸಭೆಯೆಲ್ಲ ಸೇರಿ ‘ಮೇಲಿನ ಆಕಾಶಗಳಲ್ಲಿ ಅವರು ಮಾಡುವಂತೆಯೇ ನಾವೂ ಈ ಲೋಕದಲ್ಲಿ ನಿನ್ನ ಹೆಸರನ್ನು ಪವಿತ್ರಗೊಳಿಸುತ್ತೇವೆ’ ಎಂದು ಆರಂಭಿಸಿ, ಯೆಶಾಯನ ಆ ವಾಕ್ಯವನ್ನೂ, ಪ್ರವಾದಿ ಯೆಹೆಜ್ಕೇಲನು ತನ್ನ ದರ್ಶನದಲ್ಲಿ ಕೇಳಿಸಿಕೊಂಡ ‘ಕರ್ತನ ಸ್ಥಾನದಿಂದ ಆತನ ಮಹಿಮೆಗೆ ಸ್ತೋತ್ರ’ ಎಂಬ ವಾಕ್ಯವನ್ನೂ, ಕೀರ್ತನೆಯೊಂದರ ಸಾಲನ್ನೂ ಹೇಳುತ್ತದೆ. ಅಷ್ಟು ಹೊತ್ತು ಆ ಸಭೆ ದೇವದೂತರ ಪಾತ್ರ ವಹಿಸುತ್ತದೆ ಎನ್ನಬಹುದು. ಯೆಹೆಜ್ಕೇಲನು ಕಂಡ ಜೀವಿಗಳ ಕಾಲು ನೆಟ್ಟಗಿದ್ದ ಒಂದೇ ಕಾಲಿನಂತೆ ಕಾಣುತ್ತಿತ್ತು, ಅದಕ್ಕೆ ಪಾದಗಳ ಜೋಡಣೆ. ಸೆರಾಫಿಯರು ಹಾರುತ್ತಿದ್ದರು, ಅದಕ್ಕೆ ಒಂದೊಂದು ‘ಕಾದೋಶ್’ಗೂ ಹಿಮ್ಮಡಿ ನೆಲ ಬಿಡುವುದು. ಅವರು ಒಬ್ಬರನ್ನೊಬ್ಬರು ಕರೆಯುತ್ತಿದ್ದರು ಎಂಬ ಸಾಲು ಬಂದಾಗ ಹಲವರು ಎಡಕ್ಕೂ ಬಲಕ್ಕೂ ತಿರುಗಿದ್ದನ್ನು ನೀವು ಗಮನಿಸಿರಬಹುದು.

ಇದನ್ನು ಒಂಟಿಯಾಗಿ ಹೇಳುವಂತಿಲ್ಲ. ಹತ್ತು ಮಂದಿ ಸೇರಬೇಕು. ಸಾಂಪ್ರದಾಯಿಕ ಸಭೆಗಳಲ್ಲಿ ಹತ್ತು ವಯಸ್ಕ ಗಂಡಸರು, ಇಂದಿನ ಅನೇಕ ಸಭೆಗಳಲ್ಲಿ ಹೆಂಗಸರನ್ನೂ ಎಣಿಸುತ್ತಾರೆ. ‘ಇಸ್ರಾಯೇಲ್ಯರ ನಡುವೆ ನಾನು ಪವಿತ್ರನೆನಿಸಿಕೊಳ್ಳುವೆನು’ ಎಂಬ ಯಾಜಕಕಾಂಡದ ಮಾತಿನಲ್ಲಿರುವ ‘ನಡುವೆ’ ಎಂಬ ಪದದ ಮೇಲೆ ತಾಲ್ಮುಡ್ ಈ ನಿಯಮವನ್ನು ನಿಲ್ಲಿಸಿದೆ. ಮನೆಯಲ್ಲಿ ಒಬ್ಬನೇ ಕುಳಿತು ಎಷ್ಟು ಭಕ್ತಿಯಿಂದ ಪ್ರಾರ್ಥಿಸಿದರೂ ಈ ಭಾಗವನ್ನು ಬಿಟ್ಟು ಮುಂದಕ್ಕೆ ಹೋಗಬೇಕು. ನನಗೆ ಇನ್ನೂ ಪ್ರಿಯವಾದದ್ದು ಅದೇ ಬೆಳಗಿನ ಪ್ರಾರ್ಥನೆಯ ಇನ್ನೊಂದು ಸಾಲು: ದೇವದೂತರು ಆ ಪದವನ್ನು ನುಡಿಯುವ ಮೊದಲು ಪ್ರೀತಿಯಿಂದ ಒಬ್ಬರಿಗೊಬ್ಬರು ಅನುಮತಿ ಕೊಡುತ್ತಾರಂತೆ, ಯಾರೂ ಮುನ್ನುಗ್ಗುವುದಿಲ್ಲ. ಭೂಮಿಯ ಮೇಲೆ ಮನುಷ್ಯರು ಹಾಡುವವರೆಗೆ ದೇವದೂತರು ಮೇಲೆ ಹಾಡುವುದಿಲ್ಲ ಎಂದೂ ತಾಲ್ಮುಡ್ ಹೇಳುತ್ತದೆ. ಮನುಷ್ಯರು ತಮ್ಮ ನಂಬಿಕೆಯ ಮುಖ್ಯ ವಾಕ್ಯದಲ್ಲಿ ‘ಇಸ್ರಾಯೇಲೇ, ಕೇಳು’ ಎಂಬ ಎರಡೇ ಪದ ಹೇಳಿ ದೇವರ ಹೆಸರನ್ನು ಎತ್ತಿದರೆ, ದೇವದೂತರು ಮೂರು ಸಲ ‘ಕಾದೋಶ್’ ಎಂದ ಮೇಲೆಯೇ ಎತ್ತಬೇಕು. ಬೆಂಚು ಹಿಡಿದು ಹಿಮ್ಮಡಿ ಎತ್ತಿದ ಆ ಹಿರಿಯರಿಗಾಗಿ ಸೆರಾಫಿಯರು ಕಾದಿದ್ದರು ಎಂಬುದೇ ಇದರ ಭಾವ.

ಪ್ರಶ್ನೆ: ಮಾಗಡಿ ರಸ್ತೆಯ ಯಹೂದಿ ಸ್ಮಶಾನದ ಮುಂದೆ ದಿನವೂ ಬಸ್ಸಿನಲ್ಲಿ ಹಾದುಹೋಗುತ್ತೇನೆ. ‘ಕದ್ದೀಶ್’ ಎಂಬುದು ಸತ್ತವರಿಗಾಗಿ ಹೇಳುವ ಮಂತ್ರವೇ? ನಮ್ಮ ಶ್ರಾದ್ಧದಂತೆಯೇ? (ವಿಜಯನಗರದ ಓದುಗರೊಬ್ಬರು)

ಉತ್ತರ: ‘ಕದ್ದೀಶ್’ ಎಂಬುದೂ ಅದೇ ಧಾತುವಿನ ಪದ, ಅರಮಾಯಿಕ್ ಭಾಷೆಯದು. ‘ಆತನ ಮಹಾನಾಮವು ಹಿರಿದಾಗಲಿ, ಪವಿತ್ರವಾಗಲಿ’ ಎಂದು ಅದು ಆರಂಭವಾಗುತ್ತದೆ. ಮೊದಲಿನಿಂದ ಕೊನೆಯವರೆಗೆ ಹುಡುಕಿದರೂ ಅದರಲ್ಲಿ ಸಾವಿನ ಸುದ್ದಿಯಿಲ್ಲ, ಸತ್ತವರ ಹೆಸರಿಲ್ಲ. ತಂದೆ ತಾಯಿಯನ್ನು ಕಳೆದುಕೊಂಡವರು ಹನ್ನೊಂದು ತಿಂಗಳು ಅದನ್ನು ಸಭೆಯಲ್ಲಿ ಎದ್ದು ನಿಂತು ಹೇಳುತ್ತಾರೆ. ದುಷ್ಟರ ಆತ್ಮಕ್ಕೆ ವಿಚಾರಣೆ ಹನ್ನೆರಡು ತಿಂಗಳು ಎಂಬ ನಂಬಿಕೆಯಿರುವುದರಿಂದ, ತನ್ನ ಹೆತ್ತವರನ್ನು ಯಾರೂ ಆ ಸಾಲಿಗೆ ಸೇರಿಸಬಾರದೆಂದು ಒಂದು ತಿಂಗಳು ಮೊದಲೇ ನಿಲ್ಲಿಸುವ ಪದ್ಧತಿ ಬಂದಿದೆ. ಪಿತೃಗಳಿಗೆ ಅನ್ನ ನೀರು ಮುಟ್ಟಿಸುವ ನಮ್ಮ ಶ್ರಾದ್ಧದ ಕಲ್ಪನೆ ಇದಲ್ಲ. ದುಃಖದಲ್ಲಿರುವವನು ದೇವರ ಹೆಸರನ್ನು ದೂಷಿಸುವ ಬದಲು ಹತ್ತು ಜನರ ನಡುವೆ ಅದನ್ನು ಪವಿತ್ರಗೊಳಿಸುತ್ತಾನೆ, ಉಳಿದವರು ‘ಆಮೆನ್’ ಎಂದು ದನಿಗೂಡಿಸುತ್ತಾರೆ, ಅದರ ಪುಣ್ಯ ಹೆತ್ತವರಿಗೆ ಸೇರುತ್ತದೆ.

ಸ್ಮಶಾನದ ಮಾತು ಬಂದದ್ದರಿಂದ ಇನ್ನೊಂದನ್ನು ಹೇಳಬೇಕು. ಯಹೂದಿ ಶಾಸ್ತ್ರದಲ್ಲಿ ಹೆಣಕ್ಕಿಂತ ದೊಡ್ಡ ಮೈಲಿಗೆ ಬೇರೆ ಇಲ್ಲ. ಪುರೋಹಿತ ವಂಶದವರು ಹತ್ತಿರದ ಬಂಧುಗಳ ಸಾವಿನ ಹೊರತು ಸ್ಮಶಾನದೊಳಗೆ ಕಾಲಿಡುವುದಿಲ್ಲ. ಹೀಗಿರುವಾಗ ಹೆಣವನ್ನು ತೊಳೆದು, ಬಿಳಿಯ ನಾರುಬಟ್ಟೆ ಉಡಿಸಿ, ಮಣ್ಣಿಗೆ ಸಿದ್ಧಗೊಳಿಸುವ ಊರವರ ತಂಡಕ್ಕೆ ಇರುವ ಹೆಸರು ‘ಹೆವ್ರಾ ಕದ್ದೀಶಾ’, ಎಂದರೆ ಪವಿತ್ರ ಬಳಗ. ಅತಿ ದೊಡ್ಡ ಮೈಲಿಗೆಯನ್ನು ಮುಟ್ಟುವವರೇ ಪವಿತ್ರರು. ತೊಳೆಸಿಕೊಂಡವರು ತಿರುಗಿ ಏನನ್ನೂ ಕೊಡಲಾರರಾದ್ದರಿಂದ ಇದಕ್ಕಿಂತ ನಿಜವಾದ ಉಪಕಾರ ಇಲ್ಲವೆಂದು ಯಹೂದಿಯರು ಭಾವಿಸುತ್ತಾರೆ. ಹೆಣ ಹೊತ್ತವರನ್ನೂ ಗುಂಡಿ ತೋಡಿದವರನ್ನೂ ಹೊಸ್ತಿಲ ಹೊರಗೆ ನಿಲ್ಲಿಸುವುದನ್ನು ಕಂಡು ಬೆಳೆದ ನಾನು ಈ ಹೆಸರನ್ನು ಮೊದಲು ತಿಳಿದ ದಿನ ಬಹಳ ಹೊತ್ತು ಸುಮ್ಮನೆ ಕುಳಿತಿದ್ದೆ.

ಪ್ರಶ್ನೆ: ಅವೆನ್ಯೂ ರಸ್ತೆಯಲ್ಲಿ ಹಳೆಯ ಪುಸ್ತಕಗಳ ರಾಶಿಯೊಂದಿಗೆ ಒಂದು ಶಿಥಿಲ ಪುಸ್ತಕ ಬಂದಿದೆ. ಒಂದು ಪುಟದಲ್ಲಿ ಹೀಬ್ರೂ, ಎದುರು ಪುಟದಲ್ಲಿ ದೇವನಾಗರಿ ಲಿಪಿಯ ಮರಾಠಿ. ಪ್ರಾರ್ಥನೆಯ ಪುಸ್ತಕವೆಂದು ಮರಾಠಿ ಬಲ್ಲ ಸ್ನೇಹಿತರು ಹೇಳಿದರು. ರದ್ದಿಗೆ ಹಾಕಲು ಮನಸ್ಸು ಬರುತ್ತಿಲ್ಲ. ಏನು ಮಾಡಲಿ? (ಮಲ್ಲೇಶ್ವರದ ಓದುಗರೊಬ್ಬರು)

ಉತ್ತರ: ರದ್ದಿಗೆ ಖಂಡಿತ ಹಾಕಬೇಡಿ. ಹೀಬ್ರೂ ಜೊತೆಗೆ ಮರಾಠಿ ಇರುವುದರಿಂದ ಅದು ಕೊಂಕಣ ಕರಾವಳಿಯಿಂದ ಮುಂಬೈಗೆ ಬಂದು ನೆಲೆಸಿದ ಬೆನೆ ಇಸ್ರೇಲ್ ಯಹೂದಿಯರ ಮನೆಯೊಂದರದ್ದಾಗಿರುವ ಸಂಭವ ಹೆಚ್ಚು. ಮರಾಠಿ ಅವರ ಮನೆಮಾತು. ದೇವರ ಹೆಸರು ಬರೆದಿರುವ ಹಾಳೆಯನ್ನು ಯಹೂದಿಯರು ಅಳಿಸುವುದಿಲ್ಲ, ಸುಡುವುದಿಲ್ಲ, ಕಸಕ್ಕೆ ಹಾಕುವುದಿಲ್ಲ. ಮುಡಿಪಿನ ನಾಣ್ಯದಂತೆ ಅದು ಹರಿದರೂ ಸಾಮಾನ್ಯ ಕಾಗದವಾಗಿ ಇಳಿಯಲಾರದು. ಪವಿತ್ರತೆಯಲ್ಲಿ ಏರಿಸಬಹುದು, ಇಳಿಸಬಾರದು ಎಂಬುದು ಅವರ ಒಂದು ಹಳೆಯ ಸೂತ್ರ. ಅಂಥ ಹಾಳೆಗಳನ್ನು ‘ಗೆನಿಜಾ’ ಎಂಬ ಕೋಣೆಯಲ್ಲೋ ಪೆಟ್ಟಿಗೆಯಲ್ಲೋ ಕೂಡಿಟ್ಟು, ಆಮೇಲೆ ಸ್ಮಶಾನದಲ್ಲಿ ಮನುಷ್ಯರನ್ನು ಮಣ್ಣು ಮಾಡುವಂತೆಯೇ ಹೂಳುತ್ತಾರೆ.

ಕೈರೋ ನಗರದ ಬೆನ್ ಎಜ್ರಾ ಸಿನಗಾಗಿನ ಗೆನಿಜಾವನ್ನು ಮಾತ್ರ ಶತಮಾನಗಳ ಕಾಲ ಪೂರ್ತಿ ಖಾಲಿ ಮಾಡಿರಲಿಲ್ಲ. ಅಲ್ಲಿನವರು ಪ್ರಾರ್ಥನೆಯ ಹಾಳೆಗಳ ಜೊತೆ ವ್ಯಾಪಾರದ ಪತ್ರ, ಲೆಕ್ಕದ ಚೀಟಿ, ಮದುವೆಯ ಕರಾರುಗಳನ್ನೂ ಅದೇ ಕೋಣೆಗೆ ಹಾಕುತ್ತಾ ಬಂದರು. 1896ರ ಕೊನೆಯಲ್ಲಿ ಕೇಂಬ್ರಿಜ್‌ನ ವಿದ್ವಾಂಸ ಸಾಲೊಮನ್ ಶೆಕ್ಟರ್ ಅಲ್ಲಿಗೆ ಹೋಗಿ, ಒಂದು ಲಕ್ಷಕ್ಕೂ ಹೆಚ್ಚು ತುಣುಕುಗಳನ್ನು ಇಂಗ್ಲೆಂಡಿಗೆ ಕಳುಹಿಸಿದರು. ನಮಗೆ ಇದು ದೂರದ ಕಥೆಯಲ್ಲ. ಉತ್ತರ ಆಫ್ರಿಕಾದ ಮಹ್ದಿಯಾದಿಂದ ಬಂದು ಹನ್ನೆರಡನೆಯ ಶತಮಾನದಲ್ಲಿ ಮಂಗಳೂರಿನಲ್ಲಿ ನೆಲೆಸಿದ್ದ ಅಬ್ರಹಾಂ ಬೆನ್ ಯಿಜು ಎಂಬ ವರ್ತಕನ ಪತ್ರಗಳು ಆ ರಾಶಿಯಲ್ಲಿ ಸಿಕ್ಕವು. ಆಶು ಎಂಬ ದಾಸಿಗೆ ಬಿಡುಗಡೆ ಕೊಟ್ಟು ಅವನು 1132ರಲ್ಲಿ ಮಂಗಳೂರಿನಲ್ಲಿ ಬರೆದ ಪತ್ರ, ಮೆಣಸು, ಅಡಿಕೆ, ಕಬ್ಬಿಣಗಳ ಲೆಕ್ಕ, ಅರೇಬಿಯದ ಏಡನ್ ಬಂದರಿನಿಂದ ಅವನಿಗೆ ಬಂದ ಕಾಗದ ಮೊದಲಾದ ಉಡುಗೊರೆಗಳ ವಿವರ, ಅವನ ಪರವಾಗಿ ಕಡಲು ದಾಟಿ ವ್ಯವಹರಿಸಿ ಬರುತ್ತಿದ್ದ, ವಿದ್ವಾಂಸರು ‘ಬೊಮ್ಮ’ ಎಂದು ಓದಿರುವ ತುಳುನಾಡಿನ ಸೇವಕನ ಹೆಸರು, ಎಲ್ಲವೂ ಉಳಿದಿವೆ. ಪವಿತ್ರವಾದದ್ದನ್ನು ಕಸಕ್ಕೆ ಹಾಕಬಾರದೆಂಬ ಒಂದು ಅಂಜಿಕೆ ಇಲ್ಲದಿದ್ದರೆ ಒಂಬತ್ತು ಶತಮಾನಗಳ ಹಿಂದಿನ ಮಂಗಳೂರಿನ ಈ ಮನೆವಾರ್ತೆ ನಮಗೆ ತಿಳಿಯುತ್ತಲೇ ಇರಲಿಲ್ಲ.

ನಿಮ್ಮ ಪುಸ್ತಕವನ್ನು ಮುಂಬೈಯ ಸಿನಗಾಗೊಂದಕ್ಕೆ ಬರೆದು ಕೇಳಿ ತಲುಪಿಸುವುದು ಒಳ್ಳೆಯದು. ಅಲ್ಲಿ 1796ರಲ್ಲಿ ಸ್ಥಾಪನೆಯಾದ ಸಿನಗಾಗ್ ಇಂದಿಗೂ ಇದೆ. ಓದಲು ಬರುವಂತಿದ್ದರೆ ಇಟ್ಟುಕೊಳ್ಳುತ್ತಾರೆ, ಇಲ್ಲವಾದರೆ ಅವರ ಪದ್ಧತಿಯಂತೆ ಹೂಳುತ್ತಾರೆ. ಅಲ್ಲಿಯವರೆಗೆ ಒಗೆದ ಬಟ್ಟೆಯಲ್ಲಿ ಸುತ್ತಿ, ಅದರ ಮೇಲೆ ಬೇರೆ ಪುಸ್ತಕಗಳನ್ನು ಹೇರದೆ ಇಡಿ. ಹೀಬ್ರೂ ಬಲದಿಂದ ಎಡಕ್ಕೆ ಓದುವ ಭಾಷೆಯಾದ್ದರಿಂದ ನಮಗೆ ಹಿಂಬದಿಯ ರಟ್ಟಿನಂತೆ ಕಾಣುವುದೇ ಅದರ ಮುಖ, ಅದು ಮೇಲಿರಲಿ. ಕೈತಪ್ಪಿ ನೆಲಕ್ಕೆ ಬಿದ್ದರೆ ಅವರು ಎತ್ತಿ ಮುತ್ತಿಡುತ್ತಾರೆ. ನೀವು ಕಣ್ಣಿಗೊತ್ತಿಕೊಂಡರೂ ಆದೀತು.